ಮೂರರೊಳಗೊಂದು, ನಾಲ್ಕರೊಳಗೊಂದು

ಪೂಜ್ಯ ಶಿವಶಾಂತಮ್ಮ ತಾಯಿಯವರು ಆ ಬೇಸಿಗೆಯಲ್ಲಿ ಕೆರೆಯ ಏರಿಯ ಮೇಲಿನ ಮುರುಕು ಮಂಟಪದಲ್ಲಿ ತಂಗಿದ್ದರು. ಆಸನವೆಂದರೆ ಹರಿದ ಗೋಣಿಚೀಲ. ಬಂದವರ ಗೋಳು ಕೇಳಿ ಕೇಳಿ ದಣಿದು ಒಮ್ಮೊಮ್ಮೆ ಆಕಳಿಸಿಯೂ ಬಿಡುತ್ತಿದ್ದರು. ಮಹಾತ್ಮರು ಆಕಳಿಸಬಾರದೆಂದು ಯಾವ ಶಾಸ್ತ್ರದಲ್ಲೂ ಇಲ್ಲ.

ಒಂದು ಮಧ್ಯಾಹ್ನ ನೀರುಗಂಟಿ ದುರ್ಗಪ್ಪ ಬಂದು ಕುಸಿದು ಕುಳಿತ. ಕೆರೆಯ ನೀರನ್ನು ಸರದಿಯಂತೆ ಬಿಡುವ ಕೆಲಸ ಅವನದು.

"ತಾಯೀ, ಊರು ಬಿಡತೇನ್ರಿ. ಸಾಕಾಗೇತಿ. ಆ ಕಡೆಯವರೂ ಕಳ್ಳ ಅಂತಾರ, ಈ ಕಡೆಯವರೂ ಕಳ್ಳ ಅಂತಾರ."

ಅಲ್ಲಿ ಹೊತ್ತು ಅಳೆಯಲು ತಳದಲ್ಲಿ ತೂತಿದ್ದ ಎರಡು ಬಟ್ಟಲುಗಳಿದ್ದವು. ನೀರಿನಲ್ಲಿ ತೇಲಿಬಿಟ್ಟರೆ ಮೆಲ್ಲಗೆ ತುಂಬಿ ಮುಳುಗುತ್ತವೆ. ದೊಡ್ಡದು ಹಗಲಿಗೆ ಮೂರು ಸಲ, ಸಣ್ಣದು ನಾಲ್ಕು ಸಲ. ಮೇಲಿನ ಹೊಲದವರ ಪಾಲು ದೊಡ್ಡ ಬಟ್ಟಲು ಒಂದು, ತೋಟದವರದು ಸಣ್ಣದು ಒಂದು. ಉಳಿದ ಹೊತ್ತೆಲ್ಲ ಕುಂಬಾರರ ಬದನೆ ಮಡಿಗಳಿಗೆ. ಆದರೆ ಮಡಿಗಳು ತೂಬಿನ ಪಕ್ಕದಲ್ಲೇ ಇದ್ದುದರಿಂದ ಮೊದಲ ಸರದಿ ಕುಂಬಾರರದು. ಸಂಜೆಗೆ ಉಳಿಯುವುದನ್ನು ಮುಂಜಾನೆಯೇ ಕೊಡಬೇಕು!

"ಹೊಲದವರು ಅಂತಾರ, ಹಗಲಿಗೆ ಮೂರು, ಎರಡು ಹೋದ್ರ ಒಂದು ದೊಡ್ಡದು ಉಳೀತು. ಕುಂಬಾರ ಹನುಮವ್ವ ಅಂತಾಳ, ಹಗಲಿಗೆ ನಾಕು, ಎರಡು ಹೋದ್ರ ಎರಡು ಸಣ್ಣವು. ನಾ ಏನ್ ಮಾಡ್ಲಿರಿ? ಯಾರು ಜೋರ್ ಒದರತಾರೋ ಅವತ್ತು ಅವರ ಲೆಕ್ಕ."

ತಾಯಿಯವರು ಕಣ್ಣುಜ್ಜಿಕೊಂಡರು.

"ಒಂದು ಎಮ್ಮಿ, ಒಂದು ಆಡು. ಕೂಡಿಸಿದ್ರ ಎರಡು ಎಮ್ಮಿ ಆಗತಾವೇನೋ?"

ದುರ್ಗಪ್ಪ ನಗಲಿಲ್ಲ. ನಗುವಷ್ಟು ತ್ರಾಣ ಇರಲಿಲ್ಲ.

"ಎರಡಕ್ಕೂ ಹೊಂದೋ ಸಣ್ಣ ಅಳತಿ ಹುಡುಕು" ಎಂದು ಅಪ್ಪಣೆ ಕೊಡಿಸಿದರು.

ತಾಯಿಯವರು ಶಾಲೆಯ ಮೆಟ್ಟಿಲು ಹತ್ತಿದವರಲ್ಲ. ಹತ್ತಿಳಿದವರಿಗೂ ಬಾರದ್ದು ಅವರಿಗೆ ಬಂದಿತ್ತು. ತೆಂಗಿನ ಚಿಪ್ಪಿಗೆ ತೂತು ಕೊರೆಸಿದರು. ಬೇಗ ಮುಳುಗಿದರೆ ಮೇಣ ಮೆತ್ತು, ತಡವಾದರೆ ತೂತನ್ನು ಕೆರೆದು ಹಿಗ್ಗಿಸು. ಮೂರು ದಿನ ಇಬ್ಬರಿಗೂ ಇದೇ ತಪಸ್ಸು. ಕೊನೆಗೆ ದೊಡ್ಡ ಬಟ್ಟಲು ಒಮ್ಮೆ ಮುಳುಗುವಷ್ಟರಲ್ಲಿ ಚಿಪ್ಪು ನಾಲ್ಕು ಸಲ, ಸಣ್ಣದು ಒಮ್ಮೆ ಮುಳುಗುವಷ್ಟರಲ್ಲಿ ಮೂರು ಸಲ ಮುಳುಗಿತು. ಹಗಲಿಡೀ ಹನ್ನೆರಡು. ನಾಲ್ಕು, ಮೂರು ಸೇರಿ ಏಳು ಹೋದರೆ ಕುಂಬಾರರಿಗೆ ಐದು.

ದುರ್ಗಪ್ಪ ಬೆರಳು ಮಡಚಿದ, ಬಿಚ್ಚಿದ. ಹೊಲದವರ ಲೆಕ್ಕ ನಡೆದ ದಿನ ಕುಂಬಾರರಿಗೆ ನಾಲ್ಕೇ ಕೊಟ್ಟಿದ್ದ. ಹನುಮವ್ವನ ಲೆಕ್ಕದಲ್ಲಿ ಆರು.

"ಅಂದ್ರ ಇಬ್ಬರೂ ಕಳ್ಳ ಅಂದದ್ದು ಖರೇನ ಐತಲ್ರಿ!" ಎಂದು ಅತ್ತುಬಿಟ್ಟ.

"ನಾಳಿಂದ ಅಲ್ಲ" ಎಂದರು ತಾಯಿಯವರು.

ಮರುದಿನ ಸುದ್ದಿ ಕೇಳಿ, ತೂಬು ತೆಗೆಯುವ ಮೊದಲೇ ಹನುಮವ್ವ ಏರಿ ಹತ್ತಿ ಬಂದಳು. "ಐದಂತ ಐದು! ಮುದುಕಿ ಕಡೆ ಮಂತ್ರ ಹಾಕಿಸಿ ನಮ್ಮದೊಂದು ನುಂಗಿದಿಯೇನೋ ಮೂಳಾ?"

ಮೊದಲಾಗಿದ್ದರೆ ದುರ್ಗಪ್ಪ ಓಡುತ್ತಿದ್ದ. ಈಗ ಚಿಪ್ಪನ್ನು ಅವಳ ಕೈಗಿಟ್ಟ. "ನೀನ ಕುಂದ್ರು ಅಕ್ಕಾ. ನೀನ ಎಣಸು."

ಅವಳು ಹೊತ್ತು ಮುಳುಗುವವರೆಗೂ ಗುರಾಯಿಸುತ್ತ ಕುಳಿತಳು. ಮಡಿಗಳಿಗೆ ಐದು, ತೋಟಕ್ಕೆ ಮೂರು. ಹೊಲದ ನಾಲ್ಕನೆಯದು ತಳ ಸೇರಿದಾಗ ಸೂರ್ಯ ಗುಡ್ಡ ಮುಟ್ಟಿದ್ದ. ಚಿಪ್ಪನ್ನು ದುರ್ಗಪ್ಪನ ಕೈಗೆ ತಿರುಗಿ ಕೊಟ್ಟು ಮನೆಗೆ ಹೋದಳು.

ಮಾರನೆಯ ಬೆಳಿಗ್ಗೆ ತಾನೇ ಬಂದು ಎಣಿಸಲು ಕೂತಳು. ದುರ್ಗಪ್ಪ ಮಂಟಪದ ನೆರಳಲ್ಲಿ ಗೊರಕೆ ಹೊಡೆಯುತ್ತಿದ್ದ. ತಾಯಿಯವರ ಕಣ್ಣೂ ಮುಚ್ಚಿತ್ತು; ಧ್ಯಾನವೋ ನಿದ್ದೆಯೋ, ಶಿವನೇ ಬಲ್ಲ. ಐದನೆಯದು ಮುಳುಗಿತು. ಹನುಮವ್ವ ಅತ್ತಿತ್ತ ನೋಡಿದಳು. ನೋಡುವವರು ಯಾರೂ ಇರಲಿಲ್ಲ. ಸೀರೆ ಎತ್ತಿ ಕಟ್ಟಿ ಕಾಲುವೆಗಿಳಿದು, ತನ್ನ ಮಡಿಯ ಬಾಯಿಗೆ ಮಣ್ಣೊತ್ತಿ, ಕೂಗಿದಳು:

"ಏ ತೋಟದವರ, ನಿಮ್ಮ ನೀರು ಬಂತು, ಏಳ್ರೋ!"