ಸಾಲಿಗುಡ್ಡಕ್ಕೆ ಆ ಹೆಸರು ಬಂದ ಬಗೆ

ಹಿನ್ನೀರಿನ ದಂಡೆಗೆ ಬಂದು ಪೂರ್ವಕ್ಕೆ ತಿರುಗಿದರೆ ಒಂದು ಬೋಳುಗುಡ್ಡ ಕಾಣುತ್ತದೆ. ಅದರ ನೆತ್ತಿಯ ಮೇಲೆ ಕಲ್ಲಿನ ಉದ್ದನೆಯ ಕಟ್ಟಡ. ಬಾಗಿಲಿಗೆ ಬೀಗ ಬಿದ್ದು ಬಹಳ ವರ್ಷವಾಯಿತು. ಕಿಟಕಿಗಳಲ್ಲಿ ಈಗ ಗಿಳಿಗಳ ಸಂಸಾರ. ಸುತ್ತಲಿನವರು ಇದನ್ನು ಸಾಲಿಗುಡ್ಡ ಎನ್ನುತ್ತಾರೆ. ನಮ್ಮ ಕಡೆ ಶಾಲೆಗೆ ಸಾಲಿ ಎನ್ನುವುದರಿಂದ ಹೆಸರಿನ ಗುಟ್ಟು ಅಷ್ಟೇ ಎಂದು ಹೊರಗಿನವರು ಭಾವಿಸುವುದುಂಟು. ಹಿರಿಯರು ಬೇರೆಯೇ ಹೇಳುತ್ತಾರೆ.

ಹಿಂದೆ ಗುಡ್ಡದ ಕೆಳಗೆ, ನದಿಯ ಮಗ್ಗುಲಲ್ಲಿ, ಹೊಳೆಕೊಡಗಲಿ ಎಂಬ ಊರಿತ್ತು. ಅಲ್ಲಿನ ಸರ್ಕಾರಿ ಹೈಸ್ಕೂಲಿಗೆ ಸರಸಾಬಾಯಿ ಅಕ್ಕೋರು ಮುಖ್ಯೋಪಾಧ್ಯಾಯಿನಿ. ಅಣೆಕಟ್ಟೆ ಎದ್ದು ಊರು ಮುಳುಗುವುದೆಂದು ಗೊತ್ತಾದಾಗ ಜನರಿಗೆ ಗುಡ್ಡದ ಮೇಲೆ ತಗಡಿನ ಶೆಡ್ಡು ಸಿಕ್ಕವು. ಹೊಸ ಹೈಸ್ಕೂಲು ಯಾವಾಗ ಎಂಬುದನ್ನು ಮಾತ್ರ ಯಾರೂ ಹೇಳಲಿಲ್ಲ. ಶಾಲೆ ನಿಂತರೆ ಹೆಣ್ಣುಮಕ್ಕಳ ಓದು ಅಲ್ಲಿಗೇ ಮುಗಿದು, ಮರುವರ್ಷವೇ ಮದುವೆಯೆಂದು ಅಕ್ಕೋರಿಗೆ ತಿಳಿದಿತ್ತು. ಆ ಮಳೆಗಾಲ ನೀರು ಎಣಿಸಿದ್ದಕ್ಕಿಂತ ಮೊದಲೇ ಏರತೊಡಗಿತು. ದಿಕ್ಕು ತೋಚದೆ ಅವರು ಶಾಲೆಯ ಮುಂದೆ ನಿಂತಿದ್ದಾಗ ಹುಸೇನಬಿ ಎಂಬ ಮುದುಕಿ ಬಂದಳು. ಅವಳ ಮೊಮ್ಮಗಳು ಆ ವರ್ಷ ಹತ್ತನೆಯ ತರಗತಿಯಲ್ಲಿದ್ದಳು.

"ಗ್ವಾಡಿ ಬಿಚ್ಚೋಣ್ರಿ ಅಕ್ಕೋರ. ಮ್ಯಾಲೆ ಒಯ್ದು ಕಟ್ಟೋಣ," ಎಂದಳು.

"ಸರ್ಕಾರದ ಕಟ್ಟಡ ಅವ್ವಾ. ಕೆಡವಾಕ ನಾ ಯಾರು?"

"ನೀರಿಗೆ ಕೊಟ್ಟ ಮ್ಯಾಲೆ ಸರ್ಕಾರಕ್ಕ ಅದರಾಗ ಏನ್ ಉಳೀತೈತ್ರಿ?"

ಅಕ್ಕೋರು ಸೆರಗು ಸಿಕ್ಕಿಸಿ, ಅಂಗಳದ ಗೋಡೆಯ ಒಂದು ಕಲ್ಲನ್ನು ತಾವೇ ಕಿತ್ತು ಮುದುಕಿಯ ಕೈಗಿತ್ತರು. ತಮ್ಮ ತಮ್ಮ ಮನೆಯ ಬಾಗಿಲು, ತೊಲೆ ಕೀಳುತ್ತಿದ್ದವರು ಇದನ್ನು ಕಂಡು, ಅದನ್ನಲ್ಲೇ ಬಿಟ್ಟು, ಹಾರೆ ಹಿಡಿದು ಬಂದರು ಎನ್ನುತ್ತಾರೆ. ನೀರು ಏರುತ್ತಿದ್ದ ಅಷ್ಟೂ ದಿನ ನದಿಯ ದಂಡೆಯಿಂದ ಗುಡ್ಡದ ನೆತ್ತಿಯವರೆಗೆ ಮನುಷ್ಯರ ಸಾಲು ನಿಂತಿತ್ತು. ಒಬ್ಬರ ನೆರಳು ಒಬ್ಬರಿಗೆ ಸೋಕಬಾರದೆಂದು ಬಾಳಿದವರು ಕಲ್ಲುಗಳನ್ನು ಕೈಯಿಂದ ಕೈಗೆ ದಾಟಿಸಿದರು. ಮೊದಲು ಹೆಂಚು, ಆಮೇಲೆ ತೊಲೆ, ಆಮೇಲೆ ಗೋಡೆ. ಆಚೆ ದಂಡೆಯವರಿಗೆ ಶಾಲೆಯೇ ತಾನಾಗಿ ಗುಡ್ಡ ಹತ್ತುತ್ತಿರುವಂತೆ ಕಂಡಿತಂತೆ. 'ಸಾಲು ನಿಂತ ಗುಡ್ಡ' ಎಂದು ಅವರು ಬೆರಗಿನಿಂದ ಕರೆದದ್ದೇ ಬಾಯಿಂದ ಬಾಯಿಗೆ ಸವೆದು ಸಾಲಿಗುಡ್ಡವಾಯಿತು. ನೀರು ಮೊಣಕಾಲಿಗೆ ಬಂದಾಗ ತಳಪಾಯದ ಕೊನೆಯ ಕಲ್ಲು ಮೇಲೇರಿತು. ಆಗ ಜನ ತಮ್ಮ ಮನೆಗಳತ್ತ ತಿರುಗಿ ನೋಡಿದರು. ಹೊಳೆ ಒಳಗೆ ಹೊಕ್ಕಾಗಿತ್ತು. ಹುಸೇನಬಿ ಅತ್ತಳೆಂದು ಕೆಲವರು, ನಕ್ಕಳೆಂದು ಕೆಲವರು ಹೇಳುತ್ತಾರೆ.

ಅವಳ ಮೊಮ್ಮಗಳು ಗುಡ್ಡದ ಮೇಲೆ ಮತ್ತೆ ಎದ್ದ ಆ ಗೋಡೆಗಳ ನಡುವೆಯೇ ಹತ್ತನೆಯದನ್ನು ಮುಗಿಸಿದಳು. ಶಾಲೆ ಒಂದು ತಲೆಮಾರು ನಡೆಯಿತು. ಬಳಿಕ ದೂರದಲ್ಲಿ ಜಮೀನು ಸಿಕ್ಕ ಸಂಸಾರಗಳು ಒಂದೊಂದಾಗಿ ಗುಡ್ಡ ಇಳಿದವು. ಮಕ್ಕಳಿಲ್ಲದೆ ಹೈಸ್ಕೂಲು ಮುಚ್ಚಿತು.

ಬೇಸಿಗೆಯಲ್ಲಿ ಹಿನ್ನೀರು ಇಳಿದಾಗ ಬಂದವರು ಇಂದಿಗೂ ಮುಳುಗಿದ ಊರೊಳಗೆ ನಡೆದಾಡಬಹುದು. ಮನೆಗಳ ಮೋಟುಗೋಡೆಗಳು ಕೆಸರಿನಲ್ಲಿ ನಿಂತೇ ಇವೆ. ಬೀಸುಕಲ್ಲು, ಒರಳು ಇದ್ದಲ್ಲೇ ಇವೆ. ಅವುಗಳ ನಡುವೆ ಒಂದು ಅಗಲವಾದ ಜಾಗ ಮಾತ್ರ ಬಯಲು. ಅಲ್ಲಿ ಹುಡುಕಿದರೂ ಒಂದು ಕಲ್ಲೂ ಸಿಗುವುದಿಲ್ಲ.