ಮೂರು ಕೂಗು

ಬಟ್ಟೆ ಮಿಲ್ಲಿನ ಮಗ್ಗಗಳ ಸದ್ದು ದುರುಗಪ್ಪನ ಎರಡೂ ಕಿವಿಗಳನ್ನು ತಿಂದುಹಾಕಿತ್ತು. ಸದ್ದಿಲ್ಲದ ಕಡೆ ಕೆಲಸ ಕೊಡಿ ಅಂದ. "ಕಿವುಡು ಬರೀ ನಾಟಕ" ಎಂದು ಮಿಲ್ಲು ಅವನನ್ನು ವಜಾ ಮಾಡಿತು. ಅವನು ಕಾರ್ಮಿಕ ನ್ಯಾಯಾಲಯಕ್ಕೆ ದೂರು ಕೊಟ್ಟ. ವಿಚಾರಣೆಯ ದಿನ ಜವಾನ ಬಾಗಿಲಿಗೆ ಬಂದು ಮೂರು ಸಲ ಹೆಸರು ಕೂಗಿದ. ದುರುಗಪ್ಪ ಒಳಗೆ ಹೋಗಲಿಲ್ಲ. ಮಿಲ್ಲಿನ ಮಾತೊಂದನ್ನೇ ಕೇಳಿ, ವಜಾ ಸರಿ ಎಂದು ತೀರ್ಪಾಯಿತು.

ಅಂದು ಜ್ವರದಲ್ಲಿ ಮಲಗಿ ಅವನ ಜೊತೆ ಹೋಗಲಾಗದಿದ್ದ ಹೆಂಡತಿ ಕೊಟ್ರಮ್ಮ ಎದ್ದವಳೇ ಹೈಕೋರ್ಟು ಹತ್ತಿದಳು.

ಮಿಲ್ಲಿನ ಮ್ಯಾನೇಜರು ಎದೆಯುಬ್ಬಿಸಿ ಹೇಳಿದ: "ಸ್ವಾಮಿ, ಅವತ್ತು ಅವನು ಬಾಗಿಲ ಪಕ್ಕದ ಬೆಂಚಿನ ಮೇಲೇ ಕೂತಿದ್ದ. ನಾನೇ ಕಣ್ಣಾರೆ ಕಂಡೆ. ಬೇಕಂತಲೇ ಬರಲಿಲ್ಲ."

ಕೊಟ್ರಮ್ಮ ಕೈಮುಗಿದಳು. "ಕೂಗಿದಾತ ಎಷ್ಟು ದೂರ ಇದ್ದ ಸಾಹೇಬ್ರೆ?"

"ಕಿವಿ ಪಕ್ಕದಲ್ಲೇ! ನಿನ್ನ ಗಂಡ ಕತ್ತು ಕೂಡ ಹೊರಳಿಸಲಿಲ್ಲ. ಕಲ್ಲಿನ ಹಾಗೆ ಕೂತಿದ್ದ."

ಅವಳು ನ್ಯಾಯಾಧೀಶರ ಕಡೆ ತಿರುಗಿದಳು. "ಇದನ್ನ ಬರ್ಕಳ್ರಿ ಸ್ವಾಮಿ. ಹೋದ ರೊಟ್ಟಿ ಕೇಳಾಕೆ ಬಂದ ನನ್ ಗಂಡ, ಕಿವಿ ಪಕ್ಕ ಹೆಸ್ರು ಕೂಗಿದ್ರೂ ಹೊರಳಿ ನೋಡ್ಲಿಲ್ಲ. ಇದಕ್ಕಿಂತ ದೊಡ್ಡ ಡಾಕ್ಟ್ರ ಸರ್ಟಿಫಿಕೇಟು ಯಾವುದೈತಿ?"

ಮ್ಯಾನೇಜರು ಮತ್ತೇನೋ ಹೇಳಲು ಬಾಯಿ ತೆರೆದ. ಅವನ ವಕೀಲರೇ ಕೋಟು ಹಿಡಿದೆಳೆದು ಕೂರಿಸಿದರು. ಹಳೆಯ ತೀರ್ಪು ರದ್ದಾಯಿತು. ಎರಡೂ ಕಡೆಯವರ ಅಹವಾಲು ಕೇಳಿ ಹೊಸದಾಗಿ ತೀರ್ಮಾನಿಸಿ ಎಂದು ಕಾರ್ಮಿಕ ನ್ಯಾಯಾಲಯಕ್ಕೆ ಆದೇಶವಾಯಿತು.

ಕೊಟ್ರಮ್ಮ ಹೊರಗೆ ಓಡಿಬಂದಳು. ದುರುಗಪ್ಪ ಬೆಂಚಿನ ತುದಿಯಲ್ಲಿ ಕೂತು, ರೆಪ್ಪೆ ಬಡಿಯದೆ ಬಾಗಿಲನ್ನೇ ನೋಡುತ್ತಿದ್ದ.

"ನನ್ ಹೆಸ್ರು ಕೂಗಿದ್ರೇನೇ?" ಅಂದ.