ಮೊಳೆಗೆ ನೇತುಹಾಕಿದ ಬೀಗದ ಕೈ

"ಗುರುಗಳೇ, ಈ ಆಪ್‌ಗಳು ಪದೇ ಪದೇ ರೂಟ್ ಅನುಮತಿ ಕೇಳಿ ತಲೆ ತಿನ್ನುತ್ತವೆ. 'ಸದಾ ಅನುಮತಿಸು' ಎಂದು ಒಮ್ಮೆ ಒತ್ತಿಬಿಟ್ಟರೆ ಏನಾಗುತ್ತದೆ?" ಎಂದು ಶಿಷ್ಯ ಚೆನ್ನವೀರ ಕೇಳಿದ.

ಕಂಪನಿ ಹಾಕಿದ ಕಟ್ಟು ಮುರಿದು, ಫೋನಿನ ಬುಡದವರೆಗೂ ಕೈ ಹಾಕುವ ಅಧಿಕಾರವನ್ನು ಅವನು ಆಗಷ್ಟೇ ಪಡೆದಿದ್ದ. ಆ ಅಧಿಕಾರಕ್ಕೇ ರೂಟ್ ಎನ್ನುತ್ತಾರೆ. ನನ್ನ ಫೋನಿಗೆ ನಾನೇ ಯಜಮಾನ ಎಂಬ ಜಂಬ ಅವನ ಮುಖದಲ್ಲಿ ಕುಣಿಯುತ್ತಿತ್ತು. ಈಗ ಒಂದು ಟಾರ್ಚ್ ಆಪ್ ಅದೇ ಅಧಿಕಾರ ಕೇಳುತ್ತಾ ಪರದೆಯ ಮೇಲೆ ಕೂತಿತ್ತು. ಒತ್ತಿಬಿಡಲು ಅವನ ಹೆಬ್ಬೆರಳು ತುರಿಸುತ್ತಿತ್ತು. ಗುರುಗಳು ಕತೆ ಹೇಳಿದರು.

ಒಬ್ಬ ಸೊಸೆ ಇದ್ದಳು. ಉಗ್ರಾಣದ ಬೀಗದ ಕೈ ಅತ್ತೆಯ ಸೊಂಟದಲ್ಲಿತ್ತು. ಒಂದು ಹಿಡಿ ಬೇಳೆಗೂ ಸೊಸೆ ಕೈಯೊಡ್ಡಬೇಕಿತ್ತು. ಅವಳು ವರ್ಷಗಟ್ಟಲೆ ಸೆಣಸಿ, ಬೈಗುಳ ತಿಂದು, ಕೊನೆಗೆ ಅದನ್ನು ತನ್ನ ಸೊಂಟಕ್ಕೆ ಸಿಕ್ಕಿಸಿಕೊಂಡಳು. ಅಂದಿನಿಂದ ಅಡುಗೆಯವಳು, ದನ ಕಾಯುವವನು, ದೀಪ ಹಚ್ಚುವವನು, ಎಲ್ಲರೂ ಅವಳನ್ನೇ ಕೂಗತೊಡಗಿದರು. ಎದ್ದು ಎದ್ದು ಅವಳಿಗೆ ಸಾಕಾಯಿತು. ಯಾರಿಗೆ ಏನು ಬೇಕೋ ತೆಗೆದುಕೊಳ್ಳಲಿ ಎಂದು ಬೀಗದ ಕೈಯನ್ನು ಬಾಗಿಲ ಪಕ್ಕದ ಮೊಳೆಗೆ ನೇತುಹಾಕಿ ಹಾಯಾಗಿ ಮಲಗಿದಳು. ಅಷ್ಟು ಜಗಳವಾಡಿ ಗೆದ್ದವಳು ಮೈಮರೆತದ್ದು ಹೀಗೆ.

ಒಂದು ದಿನ ಅವಳೇ ಉಗ್ರಾಣಕ್ಕೆ ಹೋದರೆ ಬಾಗಿಲಿಗೆ ಹೊಸ ಬೀಗ. ಹಳೆಯ ಕೈ ಅದರೊಳಗೆ ತಿರುಗಲಿಲ್ಲ. ದೀಪ ಹಚ್ಚುವವನು ನಗುತ್ತಾ ಬಂದ.

"ಕಂಡಕಂಡವರೆಲ್ಲ ನುಗ್ಗುತ್ತಾರೆ ಅಮ್ಮಾ, ಅದಕ್ಕೆ ನಾನೇ ಬೀಗ ಬದಲಿಸಿದೆ. ನಿಮಗೇನು ಬೇಕು ಹೇಳಿ, ತೆಗೆದುಕೊಡುತ್ತೇನೆ."

ಸೊಸೆಗೆ ಮೈಯೆಲ್ಲ ಉರಿಯಿತು. ಹೋಗಿ ರುಬ್ಬುಗುಂಡು ತಂದು, ಬೀಗ ಮುರಿದು ಬೀಳುವ ತನಕ ಬಡಿದಳು. ಇನ್ನು ಮೇಲೆ ಎಣ್ಣೆ ಬೇಕಿದ್ದರೆ ಬಾಗಿಲಲ್ಲಿ ನಿಂತು ಕೇಳು ಎಂದಳು. ಹಾಗಾದರೆ ದೀಪ ಹಚ್ಚುವುದಿಲ್ಲ ಎಂದು ಅವನು ಹೆದರಿಸಿದ.

"ಹಚ್ಚಬೇಡ. ಕತ್ತಲೆಯಲ್ಲಿ ಕೂತರೂ ನನ್ನ ಮನೆಯಲ್ಲೇ ಕೂರುತ್ತೇನೆ."

ಅವನು ಹೊರಟುಹೋದ. ಅವಳು ಬೇರೆ ಬೀಗ ಹಾಕಿ, ಅದರ ಕೈಯನ್ನು ಮತ್ತೆ ಸೊಂಟಕ್ಕೆ ಸಿಕ್ಕಿಸಿಕೊಂಡಳು.

ಕತೆ ಮುಗಿಯಿತು. ಟಾರ್ಚ್ ಆಪ್ ಇನ್ನೂ ಕೇಳುತ್ತಲೇ ಇತ್ತು. ಜೀವನಪೂರ್ತಿ ಇದರ ಕಾಟ ಸಹಿಸಿಕೊಂಡಿರಬೇಕೇ ಎಂದು ಚೆನ್ನವೀರ ಗೊಣಗಿದ.

"ಅದು ನಿನ್ನನ್ನು ಕೇಳುತ್ತಿರುವವರೆಗೆ ಮಾತ್ರ ಫೋನು ನಿನ್ನದು," ಎಂದರು ಗುರುಗಳು.